ಅವ್ವನ ಎಲೆಗೆ ಕುಳಿತವಳು

ಭಾದ್ರಪದ ಕೃಷ್ಣಪಕ್ಷದ ನವಮಿ ಬಂದರೆ ಈಗ ನಮ್ಮ ಮನೆಯಲ್ಲಿ ಏನೂ ನಡೆಯುವುದಿಲ್ಲ. ರಾಯಚೂರಿನ ಈ ಮನೆಯಲ್ಲಿ ನಲ್ಲಿಗೆ ನೀರು ಬರುವ ಹೊತ್ತಿಗೆ ಎದ್ದು, ಸ್ನಾನ, ಸಂಧ್ಯಾವಂದನೆ, ದೇವರ ಪೂಜೆ ಮುಗಿಸಿ ಹೊರಗೆ ಬರುತ್ತೇನೆ. ಸೊಸೆ ಅಡುಗೆಮನೆಯ ಬಾಗಿಲಲ್ಲಿ ನಿಂತು ಎಂದಿನಂತೆ ಕೇಳುತ್ತಾಳೆ:

"ಮಾವಾ, ಇವತ್ತ ಏನ್ ಅಡಿಗಿ ಮಾಡ್ಲಿ?"

"ಏನಾದ್ರೂ ಮಾಡವ್ವಾ."

ಆ ದಿನ ಯಾವುದೆಂದು ಅವಳಿಗೆ ತಿಳಿಯದು; ತಿಳಿಯಬೇಕಾದ ಕಾರಣವೂ ಇಲ್ಲ. ಗಂಡನಿರುವಾಗಲೇ ತೀರಿಕೊಂಡ ಹೆಂಗಸಿಗೆ ಪಿತೃಪಕ್ಷದಲ್ಲಿ ಮೀಸಲಾದ ತಿಥಿ ಅವಿಧವಾ ನವಮಿ. ಆ ಗಂಡ ಬದುಕಿರುವವರೆಗೆ ಮಾತ್ರ ಅದನ್ನು ನಡೆಸುವುದು ನಮ್ಮ ಮನೆತನ ಹಿಡಿದುಕೊಂಡು ಬಂದ ಪದ್ಧತಿ. ಅಪ್ಪ ತೀರಿಕೊಂಡ ವರ್ಷವೇ ಅವ್ವನ ನವಮಿಯೂ ನಿಂತಿತು. ಅಂದಿನಿಂದ ಅವಳು ಉಳಿದ ಹಿರಿಯರೊಡನೆ ಸೇರಿ, ಮಹಾಲಯದ ದಿನ ಒಂದೇ ಉಸಿರಿನಲ್ಲಿ ಹೇಳುವ ಹೆಸರುಗಳ ಸಾಲಿನಲ್ಲಿ ಒಂದಾಗಿದ್ದಾಳೆ. ಶಾಸ್ತ್ರವನ್ನು ನಾನು ಓದಿದ್ದೇನೆ, ಓದಿಸಿದ್ದೇನೆ. ಅದರ ಮೇಲೆ ನನ್ನ ದೂರಿಲ್ಲ. ಆದರೂ ಆ ಮಧ್ಯಾಹ್ನ ನನ್ನ ಎಲೆಯ ಎದುರಿಗೆ ಇನ್ನೊಂದು ಎಲೆ ಇಲ್ಲವೆಂಬುದು ಪ್ರತಿವರ್ಷ ಹೊಸದಾಗಿ ಕಾಣುತ್ತದೆ. ಪಿತೃಗಳನ್ನು ಗೌರವಿಸುವುದೆಂದರೇನು ಎಂದು ಯಾರಾದರೂ ಕೇಳಿದರೆ ಗ್ರಂಥಗಳಲ್ಲಿರುವ ಉತ್ತರವನ್ನು ಹೇಳಬಲ್ಲೆ. ಆದರೆ ನಾನು ಅದನ್ನು ಕಲಿತದ್ದು ಗ್ರಂಥದಿಂದಲ್ಲ, ಮಾನ್ವಿಯ ಮನೆಯಲ್ಲಿ, ಮುಂಜಿಯಾದ ವರ್ಷದ ನವಮಿಯಂದು. ಅದನ್ನೇ ಇಲ್ಲಿ ಬರೆಯುತ್ತೇನೆ.

ಮಾನ್ವಿಯ ನಮ್ಮ ಮನೆ ಮಣ್ಣಿನ ಮಾಳಿಗೆಯದು. ಬೀದಿಗೆ ಒಂದು ಪಡಸಾಲೆ, ಅದರ ಹಿಂದೆ ನಡುಮನೆ, ಅದರ ಹಿಂದೆ ದೇವರ ಕೋಣೆ ಮತ್ತು ಅಡುಗೆಮನೆ, ಕೊನೆಗೆ ಹಿತ್ತಲು. ಒಳಗೆ ಹೋದಷ್ಟೂ ಕತ್ತಲೆ ಹೆಚ್ಚುತ್ತಿತ್ತು. ನಡುಮನೆಗೆ ಬೆಳಕು ಬರುತ್ತಿದ್ದುದು ಮಾಳಿಗೆಯಲ್ಲಿ ಬಿಟ್ಟ ಒಂದು ಬೆಳಕಿಂಡಿಯಿಂದ ಮಾತ್ರ. ಬೇಸಿಗೆಯಲ್ಲಿ ಹೊರಗೆ ಬಂಡೆಗಳು ಕಾದು ಹೊಳೆಯುವಾಗಲೂ ಆ ಕೋಣೆ ತಣ್ಣಗಿರುತ್ತಿತ್ತು. ಅಷ್ಟು ಕೋಣೆಗಳಿಗೆ ನಾವಿದ್ದದ್ದು ಮೂವರು: ಅಪ್ಪ, ಅಪ್ಪನ ತಾಯಿಯಾದ ನನ್ನ ಅಜ್ಜಿ, ನಾನು. ಅಜ್ಜಿ ಅಡುಗೆಮನೆಯಲ್ಲಿ ಮಡಿಯಲ್ಲಿರುತ್ತಿದ್ದಳು, ಮುಟ್ಟುವಂತಿಲ್ಲ. ಅಪ್ಪ ಪಡಸಾಲೆಯಲ್ಲಿ ಗ್ರಂಥದ ಮುಂದಿರುತ್ತಿದ್ದರು, ಮಾತಾಡಿಸುವಂತಿಲ್ಲ. ಇವೆರಡರ ನಡುವಿನ ನಡುಮನೆ ನನ್ನದಾಗಿತ್ತು. ಬೆಳಕಿಂಡಿಯಿಂದ ಬಿದ್ದ ಬಿಸಿಲಿನ ಚೌಕ ಒಂದು ಗೋಡೆಯಿಂದ ಇನ್ನೊಂದು ಗೋಡೆಗೆ ಸರಿಯುವುದನ್ನು ನೋಡುತ್ತ ಎಷ್ಟೋ ದಿನಗಳನ್ನು ಅಲ್ಲಿ ಕಳೆದಿದ್ದೇನೆ.

ಅವ್ವ ತೀರಿಕೊಂಡಾಗ ನಾನಿನ್ನೂ ಅಂಬೆಗಾಲಿಡುತ್ತಿದ್ದೆನಂತೆ. ಅವಳ ಚಿತ್ರ ಮನೆಯಲ್ಲಿರಲಿಲ್ಲ, ತೆಗೆಸಿಯೇ ಇರಲಿಲ್ಲ. ಅವಳ ಬಗ್ಗೆ ಅಪ್ಪ ಏನನ್ನೂ ಹೇಳುತ್ತಿರಲಿಲ್ಲ. ಅಜ್ಜಿ ಹೇಳುತ್ತಿದ್ದಳು, ಆದರೆ ಬೈಯುವಾಗ ಮಾತ್ರ: "ಥೇಟ್ ನಿಮ್ಮವ್ವನ ಹಠ." ಹೀಗಾಗಿ ನನ್ನ ತಾಯಿಗೆ ಹಠವಿತ್ತು ಎಂಬುದೊಂದೇ ನಾನು ಅವಳ ಕುರಿತು ಖಚಿತವಾಗಿ ಬಲ್ಲ ಸಂಗತಿಯಾಗಿತ್ತು. ಉಳಿದಂತೆ ಅವಳೊಂದು ಹೆಸರು. ಅದೂ ಸಂಕಲ್ಪದಲ್ಲಿ, ಗೋತ್ರದೊಡನೆ, ಸಂಸ್ಕೃತದ ವಿಭಕ್ತಿಯಲ್ಲಿ ಬರುವ ಹೆಸರು. ಆ ಹೆಸರನ್ನು ಕೂಗಿ ಯಾರೂ ಯಾರನ್ನೂ ಕರೆದದ್ದನ್ನು ನಾನು ಕೇಳಿರಲಿಲ್ಲ.

ಅಪ್ಪನ ವೃತ್ತಿಯನ್ನು ಇಲ್ಲಿ ಹೇಳಬೇಕು. ಶ್ರಾದ್ಧದ ದಿನ ಪಿತೃಗಳ ಸ್ಥಾನದಲ್ಲಿ ಬ್ರಾಹ್ಮಣನೊಬ್ಬನನ್ನು ಕೂಡಿಸಿ, ಅವನಲ್ಲಿ ತಮ್ಮ ತಂದೆಯನ್ನೋ ಅಜ್ಜನನ್ನೋ ಆವಾಹಿಸಿ, ಪಾದ ತೊಳೆದು ಉಣಬಡಿಸುವುದು ಕ್ರಮ. ಹಾಗೆ ಕೂಡುವವನಿಗೆ ಕಟ್ಟುಪಾಡುಗಳು ಬಹಳ. ಹಿಂದಿನ ರಾತ್ರಿ ಉಪವಾಸವಿರಬೇಕು. ಅಂದು ಮತ್ತೆ ಉಣ್ಣಬಾರದು, ದಾರಿ ನಡೆಯಬಾರದು, ಪಾಠ ಹೇಳಬಾರದು. ಎಲ್ಲವನ್ನೂ ತಪ್ಪದೆ ನಡೆಸುವವರು ಸಿಗುವುದು ಕಷ್ಟವಾದ್ದರಿಂದ ಮಾನ್ವಿಯಲ್ಲಿಯೂ ಸುತ್ತಲಿನ ಹಳ್ಳಿಗಳಲ್ಲಿಯೂ ಅಪ್ಪನಿಗೆ ಕರೆ ಬರುತ್ತಲೇ ಇತ್ತು. ವರ್ಷದ ಬಹುಭಾಗ ಅವರು ಯಾರದೋ ಮನೆಯಲ್ಲಿ ಯಾರಿಗೋ ತಂದೆಯಾಗಿರುತ್ತಿದ್ದರು. ಹಳ್ಳಿಯಾದರೆ ರಾತ್ರಿ ಅಲ್ಲಿಯೇ ತಂಗಿ ಮರುದಿನ ನಸುಕಿನಲ್ಲಿ ಹೊರಟು ಬರುತ್ತಿದ್ದರು. ಊರಲ್ಲೇ ಆದರೆ ಮಧ್ಯಾಹ್ನ ಬಂದು ಪಡಸಾಲೆಯ ಗೋಡೆಗೆ ಒರಗಿ ಕುಳಿತು, ಕತ್ತಲಾಗುವವರೆಗೆ ಮಾತಾಡುತ್ತಿರಲಿಲ್ಲ. ಅವರ ಮೈಯಿಂದ ಪರರ ಮನೆಯ ತುಪ್ಪದ, ಎಳ್ಳಿನ ವಾಸನೆ ಬರುತ್ತಿತ್ತು. ನನಗೆ ಶಬ್ದರೂಪಗಳನ್ನು ಕಲಿಸುತ್ತಿದ್ದವರು ಅವರೇ. ಶ್ರಾದ್ಧ ಉಂಡ ದಿನ ಪಾಠವಿಲ್ಲ. ಪಿತೃಪಕ್ಷವೆಂದರೆ ಆ ಇಡೀ ಪಕ್ಷ ಪಾಠವಿಲ್ಲ, ಅಂದರೆ ಅಪ್ಪನ ಧ್ವನಿಯಿಲ್ಲ.

ಒಂದು ಸಲ ಹಾಗೊಂದು ಶ್ರಾದ್ಧಕ್ಕೆ ನನ್ನನ್ನೂ ಮಲ್ಲಟವೆಂಬ ಹಳ್ಳಿಗೆ ಕರೆದುಕೊಂಡು ಹೋಗಿದ್ದರು. ಅಲ್ಲಿಯ ಯಜಮಾನರು ನರೆತ ಮೀಸೆಯವರು, ಹೊಲಮನೆ ಬಲವಾಗಿದ್ದವರು. ಅಪ್ಪನಿಗಿಂತ ಹಿರಿಯರು. ಊಟದ ನಡುವೆ ಅವರು ಅಪ್ಪನ ಎಲೆಯ ಮುಂದೆ ಕೈಮುಗಿದು ಕುಳಿತು, ಮಂತ್ರದಲ್ಲಿಲ್ಲದ ಮಾತುಗಳನ್ನು ಆಡತೊಡಗಿದರು.

"ಹಾಗಲಕಾಯಿ ನಿಮಗ ಸೇರತಿತ್ತಂತ ಎರಡು ಥರ ಮಾಡಿಸೀನಿ, ಅಪ್ಪಾ. ಸಾವಕಾಶ ಊಟಾ ಮಾಡ್ರಿ. ಬಾವಿ ಹೊಲ ಭಾಗಾ ಆಗಲಿಲ್ಲ ನೋಡ್ರಿ. ನೀವು ಹೇಳಿದಂಗ ಇಟ್ಟೀನಿ."

ಅಪ್ಪ ತಲೆಯೆತ್ತಲಿಲ್ಲ, ಮೌನವನ್ನೂ ಮುರಿಯಲಿಲ್ಲ. ಹಾಗಲಕಾಯಿಯನ್ನು ಇನ್ನೊಮ್ಮೆ ಬಡಿಸಿಕೊಂಡರು, ಅಷ್ಟೆ. ಆ ಮುದುಕರ ಕಣ್ಣಲ್ಲಿ ನೀರು ಬಂತು. ಅಪ್ಪನಿಗೆ ಹಾಗಲಕಾಯಿ ಸೇರುವುದಿಲ್ಲವೆಂದು ನನಗೆ ಗೊತ್ತಿತ್ತು. ಅಪ್ಪನನ್ನು ಅಪ್ಪಾ ಎಂದು ಅಷ್ಟು ಸಲಿಗೆಯಿಂದ, ಅಷ್ಟು ಹೊತ್ತು ನಾನೆಂದೂ ಮಾತಾಡಿಸಿದವನಲ್ಲ. ಅಂದು ಕಂಬದ ಮರೆಯಲ್ಲಿ ನಿಂತು ಆ ನರೆತ ಮೀಸೆಯವರ ಮೇಲೆ ನನಗೆ ಬಂದ ಹೊಟ್ಟೆಕಿಚ್ಚನ್ನು ಏನೆಂದು ಹೇಳಲಿ!

ನಮ್ಮ ಹಿತ್ತಲಿನಾಚೆ ಹಳ್ಳಕ್ಕೆ ಹೋಗುವ ದಾರಿ, ದಾರಿಯಾಚೆ ಹೊಲದ ಕೂಲಿಗೆ ಹೋಗುವವರ ಮನೆಗಳು. ಮೊದಲ ಮನೆ ಹುಲಿಗೆವ್ವನದು. ಅವಳು ನಮ್ಮ ಹಿತ್ತಲಿನ ಗೋಡೆಯಾಚೆ ನಿಂತು ಅಜ್ಜಿಯೊಡನೆ ಲೋಕದ ಸುದ್ದಿಯನ್ನೆಲ್ಲ ಮಾತಾಡುತ್ತಿದ್ದಳು. ಗೋಡೆಯ ಈಚೆ ಬರುವ ಪದ್ಧತಿ ಇರಲಿಲ್ಲ. ಅದು ಸರಿಯೇ ಎಂದು ಆಗ ನಾನು ಕೇಳಿದವನಲ್ಲ, ಯಾರೂ ಕೇಳಿದವರಲ್ಲ. ಮುಂಜಿಯ ಹಿಂದಿನ ವರ್ಷ, ಪಿತೃಪಕ್ಷ ಮುಗಿಯುವ ಅಮಾವಾಸ್ಯೆಯಂದು, ನಾನು ದಾರಿಯಲ್ಲಿ ನಿಂತು ಅವಳ ತೆರೆದ ಬಾಗಿಲಿನೊಳಗೆ ನೋಡಿದೆ. ಗೋಡೆಗೆ ಒಂದು ಕೊಡವಿಟ್ಟು, ಅದಕ್ಕೆ ಹೊಸ ಸೀರೆ ಉಡಿಸಿ, ಮುಂದೆ ಎಡೆ ಹಿಡಿದಿದ್ದರು. ಹುಲಿಗೆವ್ವ ಆ ಕೊಡದೊಡನೆ ಜಗಳವಾಡುತ್ತಿದ್ದಳು.

"ಬಾ, ಉಣ್ಣು. ಹೋದ ವರ್ಷ ಸೀರಿ ಅಂಚು ಸಣ್ಣದಾತಂತ ಮಾರಿ ಉಬ್ಬಿಸಿಕೊಂಡು ಎಮ್ಮಿ ಬತ್ತಿಸಿದ್ದಿ ಅಲಾ? ಈ ಸಲ ದೊಡ್ಡ ಅಂಚಿಂದು ತಂದೀನಿ, ಇನ್ನರ ಸುಮ್ಮನ ಇರಬೇ ಯವ್ವಾ!"

ಮನೆಯವರೆಲ್ಲ ನಕ್ಕರು. ನನ್ನನ್ನು ಕಂಡು ಅವಳು ಹೊಸ್ತಿಲಿಗೆ ಬಂದಳು. ನಾನು ಕೇಳಿದೆ:

"ಊಟ ಆದಮ್ಯಾಲೆ ಅವರನ್ನ ಯಾವಾಗ ಕಳಸ್ತೀರಿ?"

"ಯಾರ್ನ್ರಿ ಸಣ್ಣಾಚಾರ್ರ? ನಮ್ಮವ್ವನ್ನ? ಆಕಿ ಎಲ್ಲಿಗಿ ಹೋಗ್ತಾಳ! ಇಲ್ಲೇ ಜಂತಿ ಮ್ಯಾಲೆ ಇರ್ತಾಳ. ಅವ್ವನ್ನ ಯಾರರ ಮನಿಬಿಟ್ಟು ಕಳಸ್ತಾರೇನ್ರಿ?"

ಆ ಮಾತು ಒಂದು ವರ್ಷ ನನ್ನೊಳಗೆ ಕುಳಿತಿತ್ತು. ನಾವು ಕಳಿಸುತ್ತಿದ್ದೆವು. ಪ್ರತಿ ಶ್ರಾದ್ಧದ ಕೊನೆಗೆ ಅಕ್ಷತೆ ಹಾಕಿ, ಬಂದವರು ತಮ್ಮ ಲೋಕಕ್ಕೆ ಮರಳಿ ಹೋಗಲಿ ಎಂದು ಮಂತ್ರ ಹೇಳಿ ವಿಸರ್ಜಿಸುತ್ತಿದ್ದೆವು.

ಹುಲಿಗೆವ್ವನ ಮೊಮ್ಮಗಳು ಈಗ ರಾಯಚೂರಿನಲ್ಲಿ ಕಾಲೇಜಿನ ಅಧ್ಯಾಪಕಿ. ಅವರ ಮನೆ ಈಗ ಬೌದ್ಧರದು, ಕೊಡವಿಲ್ಲ, ಎಡೆಯಿಲ್ಲ. ಮುದುಕಿಯ ಹೆಸರಿನಲ್ಲಿ ವರ್ಷಕ್ಕೊಂದು ದಿನ ಓಣಿಯ ಹೆಣ್ಣುಮಕ್ಕಳನ್ನು ಕೂಡಿಸಿ ಓದಿಸುತ್ತಾಳಂತೆ. "ಆಕಿಗೆ ಒಂದಕ್ಷರ ಬರ್ತಿರಲಿಲ್ರಿ ಸರ್. ಎಡಿ ಹಿಡದ್ರ ಮುಟ್ಟತದೋ ಇಲ್ಲೋ, ಇದು ಮುಟ್ಟೇ ಮುಟ್ಟತದ," ಎಂದು ಒಮ್ಮೆ ನನ್ನೆದುರು ಹೇಳಿದಳು. ನಾನು ಒಪ್ಪಿದೆ. ಮನೆಗೆ ಬಂದು ಎಂದಿನಂತೆ ನನ್ನ ತರ್ಪಣವನ್ನು ನಾನು ಕೊಟ್ಟೆ. ಎರಡೂ ಮುಟ್ಟುತ್ತವೆಂದೇ ನನ್ನ ನಂಬಿಕೆ.

ನವಮಿಗೆ ಅವ್ವನ ಸ್ಥಾನದಲ್ಲಿ ಕೂಡಲು ಮುತ್ತೈದೆಯೊಬ್ಬಳು ಬೇಕು. ದಾರಿ ನಡೆಯಬಾರದೆಂಬಂಥ ಕಟ್ಟುಪಾಡು ಅವಳಿಗಿಲ್ಲ. ಅವಳಿಗೆ ಎಣ್ಣೆ ಸೀಗೆಕಾಯಿಯಿಂದ ಅಭ್ಯಂಜನ ಮಾಡಿಸಿ, ಸೀರೆ ಕುಪ್ಪಸ ಕೊಟ್ಟು, ಬಳೆ ತೊಡಿಸಿ, ಉಡಿ ತುಂಬಿ ಉಣಬಡಿಸಬೇಕು. ಸೀರೆ ಬೇಡವೆನ್ನುವವರಿರಲಿಲ್ಲ, ಆದರೆ ಸತ್ತವಳ ಮಣೆಯ ಮೇಲೆ ಕೂಡಲು ಅಂಜುವವರು ಬಹಳವಿದ್ದರು. ಅಜ್ಜಿ ಪಕ್ಷ ಹುಟ್ಟುವ ಮೊದಲೇ ಓಣಿಯ ಮನೆಗಳ ಬಾಗಿಲಿಗೆ ಹೋಗುತ್ತಿದ್ದಳು, ನಾನು ಹಿಂದೆ. ಬಾಗಿಲಲ್ಲಿ ನಡೆಯುವ ಮಾತು ಒಂದೇ ತರಹದ್ದು.

"ನಮ್ಮ ಸೊಸಿಗೆ ಹೊಟ್ಟಿ ಸರಿ ಇಲ್ರೀ, ಬಾಯಾರ."

"ಹೌದ್ಹೌದು. ವರ್ಷಾ ನವಮಿಗೇ ನಿಮ್ಮ ಸೊಸಿ ಹೊಟ್ಟಿ ಕೆಡ್ತದ. ದಶಮಿಗೆ ಜಿಲೇಬಿ ತಿಂತಾಳ."

ಹೀಗೆ ಎಲ್ಲ ಬಾಗಿಲುಗಳೂ ಮುಗಿದ ಮೇಲೆ ದೇವದುರ್ಗದ ಕಡೆ ಹೋಗುವವರ ಕೈಯಲ್ಲಿ ಮಸರಕಲ್ಲಿನ ಗೋದಕ್ಕನಿಗೆ ಹೇಳಿ ಕಳಿಸುವುದು, ಅವಳು ಬರುವುದು. ಗೋದಕ್ಕನ ಗಂಡ ಅಲ್ಲಿಯ ಹನುಮಪ್ಪನ ಗುಡಿಯ ಪೂಜಾರಿ. ಮಕ್ಕಳಿರಲಿಲ್ಲ. ದಪ್ಪ ಮೈ, ದೊಡ್ಡ ಧ್ವನಿ, ಎಲೆಯಡಿಕೆಯಿಂದ ಕೆಂಪಾದ ಬಾಯಿ. ಅವಳು ಬಂದ ದಿನ ನಮ್ಮ ಮನೆಯ ಕೋಣೆಗಳಲ್ಲೆಲ್ಲ ಮಾತು ಕೇಳಿಸುತ್ತಿತ್ತು. "ನಿನಗ ಅಂಜಿಕಿ ಬರಂಗಿಲ್ಲೇನ ಗೋದಾ?" ಎಂದು ಅಜ್ಜಿ ಒಮ್ಮೆ ಕೇಳಿದಾಗ ಅವಳು ಕೊಟ್ಟ ಉತ್ತರ ನನ್ನ ಕಿವಿಯಲ್ಲಿದೆ:

"ಎದರ ಅಂಜಿಕಿರೀ? ತಲಿಗೆ ಎಣ್ಣಿ ಹಚ್ಚತೀರಿ, ಸೀರಿ ಕೊಡ್ತೀರಿ, ಹೋಳಿಗಿ ಮ್ಯಾಲೆ ತುಪ್ಪಾ ಸುರೀತೀರಿ, ಮ್ಯಾಲೆ ಕಾಲಿಗೂ ಬೀಳ್ತೀರಿ. ಬದುಕಿದ್ದಾಗ ನನಗ ಇಷ್ಟು ಯಾರೂ ಮಾಡಿಲ್ಲ. ಸತ್ತೋಳಾಗಿದ್ರ ಎಷ್ಟ ಸುಖಾ ಅದ ನೋಡ್ರಿ!"

ಅಜ್ಜಿ ಕಿವಿ ಮುಚ್ಚಿಕೊಂಡು "ಕೃಷ್ಣ, ಕೃಷ್ಣ" ಎಂದಳು. ಆದರೆ ನಗು ಬಂದದ್ದನ್ನು ನಾನು ನೋಡಿದೆ.

ಅದುವರೆಗಿನ ನವಮಿಗಳನ್ನು ಅಪ್ಪನೇ ನಡೆಸಿದ್ದರು. ನಾನು ದೂರ ಕುಳಿತು ನೋಡುವವನು. ಮುಂಜಿಯಾದ ಮೇಲೆ ಮಗನೇ ಕರ್ತೃ. ಆ ವರ್ಷ ಮೊದಲ ಸಲ ದರ್ಭೆಯ ಪವಿತ್ರ ನನ್ನ ಬೆರಳಿಗೆ ಬಂತು. ಅಪ್ಪ ಹಿಂದಿನ ದಿನ ಮಲ್ಲಟದಲ್ಲಿ ಉಂಡು ಅಲ್ಲಿಯೇ ತಂಗಿ, ನವಮಿಯ ನಸುಕಿನಲ್ಲಿ ಬಂದಿದ್ದರು. ಪಕ್ಕದಲ್ಲಿ ಕುಳಿತು ಮಂತ್ರ ಹೇಳಿಕೊಟ್ಟರು. ಬೇರೆ ಬ್ರಾಹ್ಮಣರ ಅರ್ಚನೆ, ಊಟ, ಪಿಂಡಪ್ರದಾನ ಮುಗಿದು ಅವರು ಹೊರಟ ಮೇಲೆ, ನಮ್ಮ ಮನೆಯ ಕ್ರಮದಂತೆ, ಕೊನೆಗೆ ಮುತ್ತೈದೆಯ ಎಲೆ. ನಡುಮನೆಯಲ್ಲಿ ಮಣೆಯ ಮೇಲೆ ಗೋದಕ್ಕ ಹಸಿರು ಸೀರೆಯುಟ್ಟು ಕುಳಿತಳು. ತಲೆಗೆ ಎರೆದುಕೊಂಡ ಕೂದಲು ಬೆನ್ನ ಮೇಲೆ ಹರಡಿತ್ತು. ಅಪ್ಪ ಹೇಳಿಕೊಟ್ಟ ವಾಕ್ಯವನ್ನು ನಾನು ಹೇಳಿ ಅವಳ ತಲೆಯ ಮೇಲೆ ಅಕ್ಷತೆ ಹಾಕಿದೆ. ಆ ವಾಕ್ಯದ ಅರ್ಥ ನನಗೆ ಚೆನ್ನಾಗಿ ತಿಳಿದಿತ್ತು. ಅಪ್ಪನೇ ಕಲಿಸಿದ ಭಾಷೆಯಲ್ಲವೇ. ನನ್ನ ತಾಯಿ ಈ ಆಸನದಲ್ಲಿ ಬಂದು ಕೂಡಲಿ ಎಂದು ಅದರ ಅರ್ಥ. ಅಪ್ಪ ಸುಳ್ಳು ಹೇಳಿದವರಲ್ಲ, ಶಾಸ್ತ್ರ ಸುಳ್ಳಲ್ಲ. ಆದ್ದರಿಂದ ಅವ್ವ ಬಂದು ಕುಳಿತಿದ್ದಳು. ನಾನದನ್ನು ಹಾಗೆಯೇ ನಂಬಿದೆ. ನಂಬಬೇಕೆಂದೇ ನನಗೆ ಕಲಿಸಿದ್ದರು.

ಅವಳು ಉಣ್ಣುವುದನ್ನು ಎದುರಿಗೆ ಕುಳಿತು ನೋಡಿದೆ. ಹೋಳಿಗೆಯನ್ನು ಮಡಿಚಿ ತುಪ್ಪದಲ್ಲಿ ಅದ್ದುವ ರೀತಿ, ಪಾಯಸ ಹೀರಿ ಕಣ್ಣು ಮುಚ್ಚುವ ರೀತಿ. ಬಲಗೈಯ ಹಸಿರು ಬಳೆಗಳು ಮೊಣಕೈಯ ಕಡೆಗೆ ಜಾರುತ್ತಿದ್ದವು. ಅಂದು ಅವಳು ಹೆಚ್ಚು ಮಾತಾಡಲಿಲ್ಲ, ನನ್ನನ್ನೇ ಆಗಾಗ ನೋಡುತ್ತಿದ್ದಳು. ಒಮ್ಮೆ, ಇದು ಕ್ರಮದಲ್ಲಿಲ್ಲ, ತನ್ನ ಎಲೆಯ ಅಂಚಿನಿಂದ ಒಂದು ಆಂಬೊಡೆಯನ್ನು ನನ್ನ ಕಡೆ ಸರಿಸಿ "ತಿನ್ನೋ ಮಗನ" ಎಂದುಬಿಟ್ಟಳು. ಅಪ್ಪ ಕೆಮ್ಮಿದರು. ಅವಳು ನಾಲಿಗೆ ಕಚ್ಚಿಕೊಂಡು ಹಿಂದಕ್ಕೆ ಎಳೆದುಕೊಂಡಳು.

ಊಟವಾಯಿತು. ಕೈ ತೊಳೆದು ಬಂದು ತಾಂಬೂಲ ತೆಗೆದುಕೊಂಡು ಮತ್ತೆ ಮಣೆಯ ಮೇಲೆ ಕುಳಿತಳು. ಅಪ್ಪ ನನ್ನ ಬಲಗೈಗೆ ಅಕ್ಷತೆ ಕೊಟ್ಟರು.

"ಈಗ ವಿಸರ್ಜನ. ಅಕ್ಷತಿ ಹಾಕಿ ನಮಸ್ಕಾರ ಮಾಡು."

ನಾನು ಮುಷ್ಟಿ ಕಟ್ಟಿ ಬೆನ್ನ ಹಿಂದೆ ಇಟ್ಟುಕೊಂಡೆ.

"ಹಾಕೋ."

"ಇಲ್ಲ."

"ಏನು ಇಲ್ಲ?"

"ನಾ ಕಳಸೂದಿಲ್ಲ."

ಅಡುಗೆಮನೆಯಿಂದ ಅಜ್ಜಿ ಓಡಿಬಂದು ಹೊಸ್ತಿಲಲ್ಲಿ ನಿಂತಳು. ಅವಳೂ ಬೆಳಗಿನಿಂದ ಒಂದು ಗುಟುಕು ನೀರು ಕುಡಿದಿರಲಿಲ್ಲ.

"ಅಯ್ಯ, ಏನಂತಾನಿವ! ಲೇ ಶಾಮ್ಯಾ, ಆಟ ಹಚ್ಚೀಯೇನೋ? ಪಿತೃಗಳನ್ನ ಹಂಗ ಮನ್ಯಾಗ ಹಿಡಿದು ಇಟಗೋಬಾರದೋ, ಕೇಡು ಆಗ್ತದ. ಬಂದರು, ಉಂಡರು, ಹೋಗಬೇಕು. ಹಾಕು ಅಕ್ಷತಿ."

"ಹುಲಿಗೆವ್ವನ ಮನ್ಯಾಗ ಕಳಸೂದಿಲ್ಲ. ಅವರವ್ವ ಅಲ್ಲೇ ಇರ್ತಾಳ."

"ಅವರ ಪದ್ಧತಿ ಅವರಿಗೆ! ನಿಮ್ಮವ್ವ ಇಲ್ಲೇ ಉಳದ್ರ ನಿನ್ನ ಕರಕೊಂಡು ಹೋಗ್ತಾಳೋ ಮಂಗ್ಯಾ!"

"ಕರಕೊಂಡು ಹೋಗ್ಲಿ."

ಅಜ್ಜಿ ಬಾಗಿಲ ಚೌಕಟ್ಟು ಹಿಡಿದು ಹಾಗೆಯೇ ಕೆಳಗೆ ಕುಳಿತಳು. ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಅವಳಿಗೆ ಸತ್ತ ಹಿರಿಯರೆಂದರೆ ಅಂಜಿಕೆಯಾಗಿತ್ತೆಂಬುದು ನನಗೆ ಬಹಳ ವರ್ಷಗಳ ಮೇಲೆ ತಿಳಿಯಿತು. ಗಂಡನನ್ನು, ಒಬ್ಬ ಮಗನನ್ನು, ಸೊಸೆಯನ್ನು ಆ ಅದೃಶ್ಯ ಮನೆಗೆ ಕಳಿಸಿಕೊಟ್ಟವಳು ಅವಳು. ಅಲ್ಲಿಂದ ಇನ್ನಾರ ಹೆಸರಿಗೂ ಕರೆ ಬಾರದಿರಲೆಂದೇ ಅಷ್ಟು ಮಡಿ, ಅಷ್ಟು ಅಡುಗೆ, ಅಷ್ಟು ತುಪ್ಪ.

ಗೋದಕ್ಕ ಮಣೆಯ ಮೇಲಿಂದಲೇ ನನ್ನ ಕಡೆ ಬಾಗಿದಳು.

"ನಾ ಎಲ್ಲಿಗೂ ಕರಕೊಂಡು ಹೋಗಂಗಿಲ್ಲಪ್ಪ. ನಮ್ಮ ಮನ್ಯಾಗ ಇರೂದು ಒಂದ ಹಾಸಿಗಿ, ಅದರಾಗ ನಿಮ್ಮ ಕಾಕಾ ಕೈಕಾಲು ಬಿಟಗೊಂಡು ಮಲಗ್ತಾರ." ಅವಳು ಅಪ್ಪನ ಕಡೆ ತಿರುಗಿದಳು. "ಆಚಾರ್ರ, ನಾ ಈಗ ಏಳಲೋ, ಕೂಡಲೋ? ಬಸ್ಸಿನ ಹೊತ್ತಾತು. ಆದ್ರ ಈ ಹುಡುಗ ಹಿಂಗ ನಿಂತಾಗ ಏಳಾಕ ನನಗ ಆಗವಲ್ದು."

"ಕೂಡ್ರಿ," ಎಂದರು ಅಪ್ಪ.

ತಟ್ಟೆಯಲ್ಲಿ ಇನ್ನೂ ಅಕ್ಷತೆ ಇತ್ತು. ಮಗನ ಪರವಾಗಿ ತಂದೆ ಹಾಕಿದರೆ ಕರ್ಮ ಕೆಡುವುದಿಲ್ಲ. ಅದು ನನಗಿಂತ ಅವರಿಗೆ ಚೆನ್ನಾಗಿ ಗೊತ್ತು. ಅವರ ಕೈ ತಟ್ಟೆಯ ಕಡೆ ಹೋದದ್ದನ್ನು ನಾನು ನೋಡಿದೆ. ಅರ್ಧಕ್ಕೆ ಹೋಗಿ ಅದು ಹಿಂದಕ್ಕೆ ಬಂತು. ಅವರು ಎದ್ದು ಬಂದು ನನ್ನ ಮುಂದೆ ಬರಿ ನೆಲದ ಮೇಲೆ ಕುಳಿತರು. ಅಷ್ಟು ಹತ್ತಿರದಿಂದ ಅವರ ಮುಖವನ್ನು ನಾನು ನೋಡಿದ್ದೇ ಕಡಿಮೆ.

"ಶಾಮಾ, ನಿನ್ನೆ ನಾ ಎಲ್ಲಿದ್ದೆ?"

"ಮಲ್ಲಟದಾಗ."

"ಅಲ್ಲೆ ನಾ ಯಾರಾಗಿದ್ದೆ?"

"ಅವರಪ್ಪ."

"ಅವರಿಗೂ ಅಪ್ಪನ್ನ ಕಳಸೋ ಮನಸು ಇರಂಗಿಲ್ಲ. ಆದ್ರೂ ಅಕ್ಷತಿ ಹಾಕಿದ್ರು. ಹಾಕಿದ್ರಂತ ನಾ ಇವತ್ತ ನಸುಕಿನ್ಯಾಗ ನಿನ್ನ ಕಡೆ ಬಂದೆ. ಅವರು ಮುಷ್ಟಿ ಹಿಡಿದಿದ್ರ?"

ಮಲ್ಲಟದ ಆ ಮನೆಯ ಮಣೆಯ ಮೇಲೆ ಅಪ್ಪ ಎಂದೆಂದಿಗೂ ಹಾಗಲಕಾಯಿ ಉಣ್ಣುತ್ತ ಕುಳಿತದ್ದು ನನ್ನ ಕಣ್ಣಿಗೆ ಬಂತು.

"ಈಕಿಗೂ ಒಂದು ಮನಿ ಅದ. ನಿಮ್ಮವ್ವಗೂ ಒಂದು ಮನಿ ಅದ. ನಾ ನೋಡಿಲ್ಲ, ಆದ್ರ ಅದ ಅಂತ ನಂಬೀನಿ. ಕಳಸೂದು ಅಂದ್ರ ಹೊರಗ ಹಾಕೂದಲ್ಲ. ಮುಂದಿನ ಸಲ ಬರೂ ದಾರಿ ಇಡೂದು." ಗೋದಕ್ಕನಿಗೂ ಅಜ್ಜಿಗೂ ಕೇಳಬಾರದೆಂಬಂತೆ ಧ್ವನಿ ತಗ್ಗಿಸಿ ಹೇಳಿದರು: "ಇಷ್ಟು ವರ್ಷ ನಾನ ಕಳಿಸೀನಿ. ಒಂದ ವರ್ಷನೂ ಕೈ ತಾನಾಗೇ ತೆರೀಲಿಲ್ಲೋ."

ಆ ಮನೆಯಲ್ಲಿ ಅವ್ವನಿಗಾಗಿ ಕಾಯುತ್ತಿದ್ದವನು ನಾನೊಬ್ಬನೇ ಎಂದುಕೊಂಡಿದ್ದೆ. ನಡುಮನೆಯಲ್ಲಿ ನಾನು ಒಂಟಿಯಾಗಿ ಕುಳಿತ ದಿನಗಳಲ್ಲೆಲ್ಲ ಗೋಡೆಯಾಚೆ ಪಡಸಾಲೆಯಲ್ಲಿ ಅವರೂ ಹಾಗೆಯೇ ಕುಳಿತಿದ್ದರೆಂಬುದು ಆ ಮಾತಿನಿಂದ ತಿಳಿಯಿತು. ತಿಳಿದು ಸಮಾಧಾನವಾಯಿತೆಂದು ಹೇಳಲಾರೆ. ಇಬ್ಬರ ಒಂಟಿತನ ಕೂಡಿಸಿದರೆ ಜೊತೆಯಾಗುತ್ತದೆಂಬುದೇನೂ ಇಲ್ಲ. ಆದರೆ ಬೆನ್ನ ಹಿಂದಿನ ಕೈ ಮುಂದಕ್ಕೆ ಬಂತು. ಅಪ್ಪ ನನ್ನ ಮುಷ್ಟಿಯನ್ನು ಬಿಡಿಸಲಿಲ್ಲ. ಅದರ ಕೆಳಗೆ ತಮ್ಮ ಅಂಗೈಯನ್ನು ಹಿಡಿದರು, ಅಷ್ಟೆ. ಅವರು ಹೇಳಿಕೊಟ್ಟ ಮಂತ್ರವನ್ನು ತಡೆತಡೆದು ಹೇಳಿದೆ. ಬೆವರಿದ ಕೈಗೆ ಅರ್ಧ ಅಕ್ಷತೆ ಅಂಟಿಕೊಂಡಿತ್ತು; ಉಳಿದದ್ದು ಹಸಿರು ಸೀರೆಯ ಮಡಿಲಿಗೆ ಬಿತ್ತು. ನಮಸ್ಕಾರ ಮಾಡಿದೆ. ಗೋದಕ್ಕ ಒಮ್ಮೆಲೇ ಏಳಲಿಲ್ಲ. ನನ್ನ ತಲೆಯ ಮೇಲೆ ಕೈಯಿಟ್ಟು, ಮೊಣಕಾಲಿಗೆ ಕೈಯೂರಿ ಮೆಲ್ಲಗೆ ಎದ್ದಳು. ಮಣೆ ಖಾಲಿಯಾಯಿತು.

"ಬಸ್‌ಸ್ಟ್ಯಾಂಡಿನ ತನಕ ಆಕಿ ಜೊತಿ ಹೋಗಿ ಬಾ," ಎಂದರು ಅಪ್ಪ. "ಕಳಿಸಿದ ಮ್ಯಾಲೆ ಒಂದಷ್ಟು ದೂರ ಹಿಂದ ಹೋಗಬೇಕು. ಅದೂ ಕರ್ಮದಾಗ ಬರ್ತದ."

"ಈ ಬಿಸಲಾಗ? ಉಪಾಸ ಹುಡುಗ!" ಎಂದಳು ಅಜ್ಜಿ ಹೊಸ್ತಿಲಿನಿಂದ.

"ಹೋಗಿ ಬರ್ಲಿ."

ಮಾನ್ವಿಯ ಬೀದಿಗಳಲ್ಲಿ ಮಧ್ಯಾಹ್ನದ ಆ ಹೊತ್ತಿಗೆ ನಾಯಿಗಳೂ ಇರಲಿಲ್ಲ. ಅವಳ ಸೀರೆ ಕುಪ್ಪಸದ ಗಂಟು ನನ್ನ ಕೈಯಲ್ಲಿತ್ತು. ಗೋದಕ್ಕ ಉಂಡ ಭಾರಕ್ಕೆ ನಿಂತು ನಿಂತು ನಡೆಯುತ್ತಿದ್ದಳು. ಬಸ್ಸುಗಳು ನಿಲ್ಲುವ ಬೇವಿನ ಮರದ ಕೆಳಗೆ ಕಲ್ಲಿನ ಮೇಲೆ ಕುಳಿತು ಪಾದ ತಿಕ್ಕಿಕೊಂಡಳು. ನಾನು ಕೇಳಿಯೇಬಿಟ್ಟೆ:

"ಆಗ ನೀವು ನಮ್ಮವ್ವ ಆಗಿದ್ರೇನು?"

ಅವಳು ಬಾಯಿಯ ಎಲೆಯಡಿಕೆಯನ್ನು ಪಕ್ಕಕ್ಕೆ ಉಗುಳಿ, ಸೆರಗಿನಿಂದ ತುಟಿ ಒರೆಸಿಕೊಂಡಳು.

"ಸುಳ್ಳು ಹೇಳಬಾರದು. ಬ್ಯಾರೆ ವರ್ಷ ನಾ ಗೋದಾನ ಇರ್ತಿದ್ದೆ, ಹೋಳಿಗಿ ಉಂಡು ಹೋಗ್ತಿದ್ದೆ. ಈ ವರ್ಷ ಆ ಆಂಬೊಡಿ ನಿನ್ನ ಕಡೆ ಸರಿಸಿದೆ ನೋಡು, ಅದು ಯಾರು ಸರಿಸಿದ್ರೋ ನನಗ ಗೊತ್ತಿಲ್ಲಪ್ಪ."

"ಈಗ?"

"ಈಗ ಕಾಲು ನೋಯ್ತಾವ. ಸತ್ತೋರಿಗೆ ಕಾಲು ನೋಯಂಗಿಲ್ಲ, ಹೌದಲ್ಲೋ?" ಎಂದು ನಕ್ಕು, ನನ್ನ ಕೈಯಿಂದ ಗಂಟು ತೆಗೆದುಕೊಂಡಳು. "ಈಗ ನಾ ಗೋದಾ. ಮನಿಗೆ ಹೋಗಿ ದೇವರ ಎಣ್ಣಿಬತ್ತಿ ನೋಡಬೇಕು, ಇಲ್ಲಂದ್ರ ನಿಮ್ಮ ಕಾಕಾ ಕುಣೀತಾರ."

ದೇವದುರ್ಗದ ಬಸ್ಸು ಧೂಳೆಬ್ಬಿಸಿಕೊಂಡು ಬಂತು. ಕಂಡಕ್ಟರ್ ಅವಳ ತೋಳು ಹಿಡಿದು ಮೇಲೆ ಹತ್ತಿಸಿಕೊಂಡ. ಕಿಟಕಿಯ ಪಕ್ಕ ಜಾಗ ಸಿಗಲಿಲ್ಲವೆಂದು ತೋರುತ್ತದೆ, ಅವಳು ಮತ್ತೆ ಕಾಣಿಸಲಿಲ್ಲ. ಬಸ್ಸು ಹೋದ ಮೇಲೆಯೂ ನಾನು ಸ್ವಲ್ಪ ಹೊತ್ತು ನಿಂತಿದ್ದೆ. ನನಗೆ ತಾಯಿಯಿಲ್ಲವೆಂಬುದು ಅದುವರೆಗೆ ಇತರರು ಹೇಳುತ್ತಿದ್ದ ಮಾತಾಗಿತ್ತು. ಅಂದು ನಾನೇ ಕಳಿಸಿ ನಿಂತಿದ್ದೆ. ಅಲ್ಲಿ ನನಗೆ ಅಳು ಬರಲಿಲ್ಲ. ಹಸಿವಾಯಿತು.

ಮನೆಗೆ ಬಂದಾಗ ಅಜ್ಜಿ ನಡುಮನೆಯನ್ನು ಸಾರಿಸಿ ಮುಗಿಸಿದ್ದಳು. ಮಣೆಯಿದ್ದ ಜಾಗ ಇನ್ನೂ ಒದ್ದೆಯಾಗಿತ್ತು.

"ಹೋದ್ಲೇನೋ?"

"ಹೋದ್ಲು."

"ಕೈಕಾಲು ತೊಳಕೊಂಡು ಬಾ. ನಿಮ್ಮಪ್ಪ ನಿನ್ನ ಸಲುವಾಗಿ ಉಣದ ಕೂತಾನ."